ನೀರಿನಡಿಯ ಮನೆ: ಓದುಗರ ಪ್ರಶ್ನೆಗಳಿಗೆ ಉತ್ತರ

ಬೇಸಗೆಯಲ್ಲಿ ಶರಾವತಿಯ ಹಿನ್ನೀರು ಇಳಿದಾಗ ಹಳೆಯ ಮಡೆನೂರು ಅಣೆಕಟ್ಟು ಕಾಣಿಸುವುದು ನಿಜವೇ ಎಂದು ಓದುಗರೊಬ್ಬರು ಹಿಂದೊಮ್ಮೆ ಈ ಅಂಕಣದಲ್ಲಿ ಕೇಳಿದ್ದರು. ನಿಜವೆಂದು ತಿಳಿಸಿ, ಅದರ ಸುತ್ತ ಊರುಗಳೂ ಇದ್ದವು ಎಂದು ಒಂದು ಮಾತು ಸೇರಿಸಿದ್ದೆ. ಆ ಒಂದು ಮಾತಿಗೆ ಬಂದ ಪತ್ರಗಳು ಈಗ ನನ್ನ ಮೇಜಿನ ಮೇಲಿವೆ. ಉಳಿದ ಪ್ರಶ್ನೆಗಳನ್ನು ಮುಂದಕ್ಕೆ ಹಾಕಿ ಈ ಸಲದ ಪುಟಗಳನ್ನು ಇವುಗಳಿಗೇ ಬಿಟ್ಟುಕೊಟ್ಟಿದ್ದೇನೆ. ಬರೆದವರ ಹೆಸರುಗಳನ್ನು ಪ್ರಕಟಿಸಿಲ್ಲ.

ಪ್ರಶ್ನೆ: ಮಾನ್ಯರೇ, ನನಗೆ ಈಗ 71 ವರ್ಷ. ಸಾಗರ ತಾಲ್ಲೂಕಿನಲ್ಲಿ ಶರಾವತಿ ಹೊಳೆಯ ದಂಡೆಗಿದ್ದ ನಮ್ಮ ಊರು ಲಿಂಗನಮಕ್ಕಿ ಅಣೆಕಟ್ಟಿನ ನೀರಿಗೆ ಹೋದಾಗ ನಾನು 9 ವರ್ಷದ ಹುಡುಗಿ. ಆ ಬೇಸಗೆಯಲ್ಲೇ ದೊಡ್ಡಣ್ಣನ ಮದುವೆಯಾಗಿತ್ತು. ಅವ್ವ ನಡುಮನೆಯ ಗೋಡೆಗೆ ಕೆಮ್ಮಣ್ಣು ಬಳಿದು, ಅಕ್ಕಿ ಅರೆದ ಬಿಳಿಯಲ್ಲಿ ಹಸೆ ಬರೆದಿದ್ದಳು. ಹೊರಡುವಾಗ ಅಪ್ಪಯ್ಯ ಮನೆಯನ್ನು ಕಳಚಿ ಲಾರಿಗೆ ಹೇರಿಸಿದ. ಬಾಗಿಲು ತಂದೆವು, ಹಂಚು ತಂದೆವು, ಗೋಡೆಯನ್ನು ತರಲಾಗಲಿಲ್ಲ. ಶಿವಮೊಗ್ಗದ ಕಡೆ ಕಾಡಂಚಿನಲ್ಲಿ ಕಟ್ಟಿಕೊಂಡ ಗುಡಿಸಲಿಗೆ ಆ ಬಾಗಿಲು ದೊಡ್ಡದಾಯಿತು. ಎರಡು ವರ್ಷ ಅದು ಗೋಡೆಗೆ ಒರಗಿಕೊಂಡೇ ಇತ್ತು. ಮುಂದೆ ನಾನು ಮದುವೆಯಾಗಿ, ಗಂಡನೊಡನೆ ದುಡಿದು, ಒಂದು ಒಳ್ಳೆಯ ಮನೆಯನ್ನೂ ಕಟ್ಟಿದೆ. ಈಗ ಬೆಂಗಳೂರಿನಲ್ಲಿ ಮಗನ ಮನೆಯಲ್ಲಿದ್ದೇನೆ, ಯಾವುದಕ್ಕೂ ಕೊರತೆಯಿಲ್ಲ. ಆದರೆ ಕನಸಿನಲ್ಲಿ ಬರುವುದು ಆ ಹೊಳೆದಂಡೆಯ ಮನೆ ಮಾತ್ರ. ಕೆಲವು ವರ್ಷಗಳ ಹಿಂದೆ ನೀರು ತುಂಬ ಇಳಿದಿದ್ದಾಗ ಅಣ್ಣನ ಮಗನೊಡನೆ ಹೋಗಿ ನೋಡಿದೆ. ಒಡೆದ ಕೆಸರಿನ ನಡುವೆ ನಮ್ಮ ನೆಲದೊರಳು ಇದ್ದ ಕಡೆಯೇ ಇತ್ತು. ಅದರ ಗುಂಡಿಯಲ್ಲಿ ಒಂದು ಬೊಗಸೆ ನೀರು ನಿಂತಿತ್ತು. ಅಲ್ಲಿ ಕುಳಿತು ಅತ್ತೆ. ‘ಅರವತ್ತು ವರ್ಷ ಆಯಿತಲ್ಲ ಅಮ್ಮ, ಇನ್ನೂ ಯಾಕೆ?’ ಎಂದು ಮಗ ಕೇಳುತ್ತಾನೆ. ನಾನೇ ಕಟ್ಟಿದ ಮನೆಗಾಗಿ ಬಾರದ ಅಳು ಆ ಮಣ್ಣಿನ ಮನೆಗಾಗಿ ಯಾಕೆ ಬರುತ್ತದೆ? ಇದು ಮನಸ್ಸಿನ ಕಾಯಿಲೆಯೇ?

ಉತ್ತರ: ಅಮ್ಮ, ಕಾಯಿಲೆಯಲ್ಲ ಎಂದು ಮೊದಲೇ ಹೇಳಿಬಿಡುತ್ತೇನೆ. ಒಂದು ಕಾಲದಲ್ಲಿ ಇದನ್ನು ಕಾಯಿಲೆಯೆಂದೇ ಎಣಿಸಿದ್ದುಂಟು. 1688ರಲ್ಲಿ ಸ್ವಿಟ್ಜರ್ಲೆಂಡಿನ ಬಾಸೆಲ್ ನಗರದಲ್ಲಿ ಯೋಹಾನೆಸ್ ಹೋಫರ್ ಎಂಬ ವೈದ್ಯ ವಿದ್ಯಾರ್ಥಿ, ಪರನಾಡಿನಲ್ಲಿ ಊರಿನ ಹಂಬಲದಿಂದ ಸೊರಗುವವರ ಸ್ಥಿತಿಯನ್ನು ರೋಗವೆಂದು ವಿವರಿಸಿ, ಅದಕ್ಕೆ ‘ನಾಸ್ಟಾಲ್ಜಿಯ’ ಎಂಬ ಹೆಸರನ್ನು ಕಟ್ಟಿದ. ಇಂದಿನ ವೈದ್ಯರು ಅದನ್ನು ರೋಗಗಳ ಪಟ್ಟಿಯಲ್ಲಿ ಇಡುವುದಿಲ್ಲ. ನಿದ್ದೆ ವಾರಗಟ್ಟಲೆ ಕೆಟ್ಟರೆ, ಊಟ ಸೇರದಾದರೆ, ಬದುಕೇ ಬೇಡವೆನ್ನಿಸಿದರೆ ಆಗ ಮಾತ್ರ ತಡಮಾಡದೆ ವೈದ್ಯರನ್ನು ಕಾಣಬೇಕು. ನಿಮ್ಮ ಪತ್ರದಲ್ಲಿ ಅದರ ಸುಳಿವಿಲ್ಲ. ಒರಳಿನ ಗುಂಡಿಯಲ್ಲಿ ನಿಂತ ನೀರು ಬೊಗಸೆಯಷ್ಟಿತ್ತು ಎಂದು ಅಳೆದು ಹೇಳಬಲ್ಲವರ ಮನಸ್ಸು ಚೆನ್ನಾಗಿಯೇ ಕೆಲಸ ಮಾಡುತ್ತಿದೆ.

ಅಳು ಯಾಕೆ ಬರುತ್ತದೆ ಎಂಬುದಕ್ಕೆ ನನಗೆ ತೋಚುವ ಕಾರಣ ಒಂದಿದೆ. ನಮ್ಮಲ್ಲಿ ಹೊಸಮನೆ ಹೊಕ್ಕುವುದಕ್ಕೆ ಶಾಸ್ತ್ರವಿದೆ. ಹಾಲು ಉಕ್ಕಿಸುತ್ತೇವೆ, ಹೊಸಿಲಿಗೆ ಪೂಜೆ ಮಾಡುತ್ತೇವೆ, ನೆಂಟರನ್ನು ಕರೆದು ಊಟ ಹಾಕುತ್ತೇವೆ. ಸತ್ತವರನ್ನು ಕಳುಹಿಸುವುದಕ್ಕೂ ದಿನಗಳನ್ನೆಣಿಸಿ ಮಾಡುವ ಕ್ರಮಗಳಿವೆ. ಆದರೆ ಒಂದು ಮನೆಯನ್ನು, ಒಂದು ಇಡೀ ಊರನ್ನು ಇನ್ನೆಂದೂ ಬಾರದಂತೆ ಬಿಟ್ಟು ಹೊರಡುವುದಕ್ಕೆ ನಮ್ಮ ಹಿರಿಯರು ಯಾವ ಶಾಸ್ತ್ರವನ್ನೂ ಮಾಡಿಟ್ಟಿರಲಿಲ್ಲ, ಯಾಕೆಂದರೆ ಅಂಥದೊಂದು ದಿನ ಬಂದೀತೆಂದು ಅವರು ಎಣಿಸಿರಲೇ ಇಲ್ಲ. ದೊಡ್ಡವರಿಗೆ ಆಗ ಅಳುವುದಕ್ಕೆ ಪುರುಸೊತ್ತಿರಲಿಲ್ಲ: ದನಗಳನ್ನು ಹೊಡೆದುಕೊಂಡು ಹೋಗುವವರು ಯಾರು, ಲಾರಿ ಎಂದು ಬರುತ್ತದೆ, ಹೋದ ಕಡೆ ಮಳೆಗಾಲಕ್ಕೆ ಮುಂಚೆ ಸೂರು ಏಳುತ್ತದೆಯೇ ಎಂಬ ಚಿಂತೆಯಲ್ಲಿ ಅವರಿದ್ದರು. ಮಕ್ಕಳನ್ನಂತೂ ಯಾರೂ ಕೇಳಲಿಲ್ಲ. 9 ವರ್ಷದ ಹುಡುಗಿಗೆ ಹೇಳಿದ್ದು ‘ಲಾರಿ ಹತ್ತು’ ಎಂಬ ಒಂದೇ ಮಾತಿರಬೇಕು. ಅಂದು ನೀವು ಅಳದೆ ಉಳಿಸಿಕೊಂಡದ್ದನ್ನು ಒರಳಿನ ಪಕ್ಕ ಕುಳಿತು ಅತ್ತಿರಿ. ನೀವು ಕಟ್ಟಿದ ಮನೆಯನ್ನು ನೀವೇ ತೀರ್ಮಾನಿಸಿ ಬಿಟ್ಟಿರಿ. ಅದರ ಬೀಗದ ಕೈ ನಿಮ್ಮ ಕೈಯಲ್ಲಿತ್ತು. ಈ ಮನೆಯ ವಿಷಯದಲ್ಲಿ ಹಾಗಾಗಲಿಲ್ಲ. ಊರಮನೆಯನ್ನು ಮಾರಿದವರು ಕೂಡ ಎಂದಾದರೊಂದು ದಿನ ರಸ್ತೆಯಲ್ಲಿ ನಿಂತು ಅದನ್ನು ನೋಡಿ ಬರಬಹುದು. ನಿಮಗೆ ಆ ರಸ್ತೆಯೂ ಉಳಿಯಲಿಲ್ಲ.

ಹಸೆಯ ಬಗ್ಗೆ ಒಂದು ಮಾತು. ಬೇರೆ ಸೀಮೆಯ ಓದುಗರಿಗಾಗಿ ವಿವರಿಸುವುದಾದರೆ, ಸಾಗರ, ಸೊರಬದ ಕಡೆಯ ದೀವರ ಸಮುದಾಯದ ಮನೆಗಳಲ್ಲಿ ಮದುವೆಗೆ ಹೆಂಗಸರು ಗೋಡೆಯ ಮೇಲೆ ಬರೆಯುವ ಈ ಚಿತ್ತಾರಕ್ಕೆ ಬಿಳಿ ಬರುವುದು ಅಕ್ಕಿಯಿಂದ, ಕಪ್ಪು ಹುರಿದು ಕರಿಯಾದ ಅಕ್ಕಿಯಿಂದ, ಕೆಂಪು ಕೆಮ್ಮಣ್ಣಿನಿಂದ, ಹಳದಿ ಗುರಿಗೆ ಕಾಯಿಯಿಂದ. ಕುಂಚವಾಗಿ ಹಿಡಿಯುವುದು ಪುಂಡಿಯ ನಾರನ್ನು. ಅಂದರೆ ಅದರ ಒಂದೊಂದು ಬಣ್ಣವೂ ಮನೆಯ ಸುತ್ತಲಿನ ಗದ್ದೆ, ಕಾಡು, ಮಣ್ಣಿನಿಂದಲೇ ಬಂದದ್ದು. ನಿಮ್ಮ ಅವ್ವ ಇನ್ನು ಕೆಲವೇ ತಿಂಗಳಲ್ಲಿ ನೀರಿನ ಪಾಲಾಗಲಿದ್ದ ಗೋಡೆಗೆ, ಅದು ತಿಳಿದಿದ್ದೂ, ಗೆರೆ ತಪ್ಪದಂತೆ ಹಸೆ ಬರೆದರಲ್ಲ, ಅದನ್ನು ನೆನೆದರೆ ನನ್ನ ಕಣ್ಣೂ ಒದ್ದೆಯಾಗುತ್ತದೆ. ಆ ಹಸೆಯಲ್ಲಿ ದಂಡಿಗೆ, ಅಂದರೆ ಪಲ್ಲಕ್ಕಿ, ಇತ್ತೇ, ಅದರೊಳಗೆ ಮದುಮಕ್ಕಳು ಎಲ್ಲಿ ಕುಳಿತಿದ್ದರು, ಅಂಚಿನ ಎಳೆಗಳೆಷ್ಟು ಎಂಬುದು ನಿಮಗೆ ನೆನಪಿರಬಹುದು. ನೆನಪಿದ್ದಷ್ಟನ್ನು ಒಂದು ಹಲಗೆಗೆ ಕೆಮ್ಮಣ್ಣು ಬಳಿದು ಬರೆಯಿರಿ. ಕೈ ನಡುಗಿದರೆ ನಡುಗಲಿ. ಹಸೆ ಬರೆಯುವಾಗ ಹಾಡುವ ಹಾಡುಗಳಿದ್ದರೆ ಅವನ್ನೂ ಹೇಳಿಕೊಳ್ಳಿ, ಮಗನನ್ನು ಪಕ್ಕದಲ್ಲಿ ಕೂರಿಸಿಕೊಳ್ಳಿ. ‘ಇನ್ನೂ ಯಾಕೆ?’ ಎಂದು ಅವರು ಕೇಳುತ್ತಿರುವುದು ಕಲ್ಲುಮನಸ್ಸಿನಿಂದಲ್ಲ. ನಿಮ್ಮ ಕಣ್ಣಿನ ಮುಂದಿರುವ ಗೋಡೆ ಅವರಿಗೆ ಕಾಣಿಸುತ್ತಿಲ್ಲ, ಅಷ್ಟೆ.

ಪ್ರಶ್ನೆ: ನಾನು ನಿವೃತ್ತ ಎಂಜಿನಿಯರ್. ಮುಳುಗಡೆಯ ದುಃಖದ ಬಗ್ಗೆ ಓದುವಾಗಲೆಲ್ಲ ನನಗೊಂದು ಸಂದೇಹ ಬರುತ್ತದೆ. ಶರಾವತಿಯ ವಿದ್ಯುತ್ ಇಲ್ಲದಿದ್ದರೆ ಈ ರಾಜ್ಯದ ಕಾರ್ಖಾನೆಗಳು, ಪಂಪ್‌ಸೆಟ್‌ಗಳು, ಶಾಲೆಗಳ ದೀಪಗಳು ಎಲ್ಲಿರುತ್ತಿದ್ದವು? ಪರಿಹಾರ ಪಡೆದು ಹೋದವರು ಮೂರು ತಲೆಮಾರಿನ ನಂತರವೂ ಕಣ್ಣೀರು ಹಾಕುವುದು ನಾಡಿಗೆ ಆದ ಉಪಕಾರವನ್ನು ಅಲ್ಲಗಳೆದಂತೆ ಆಗುವುದಿಲ್ಲವೇ?

ಉತ್ತರ: ನಿಮ್ಮ ಮಾತಿನ ಮೊದಲರ್ಧವನ್ನು ನಾನು ಪೂರ್ತಿಯಾಗಿ ಒಪ್ಪುತ್ತೇನೆ. ಹಿರೇಭಾಸ್ಕರ ಅಥವಾ ಮಡೆನೂರು ಅಣೆಕಟ್ಟಿನ ನೀರಿನಿಂದ 1948ರಲ್ಲಿ ಜೋಗದ ಕೆಳಗೆ ವಿದ್ಯುತ್ ಉತ್ಪಾದನೆ ಆರಂಭವಾಯಿತು. 1964ರಲ್ಲಿ ಲಿಂಗನಮಕ್ಕಿ ಎದ್ದಾಗ ಆ ಹಳೆಯ ಅಣೆಕಟ್ಟೇ ನೀರಿನಲ್ಲಿ ಮುಳುಗಿತು. ಸಮುದ್ರಮಟ್ಟದಿಂದ 1,819 ಅಡಿಯವರೆಗೆ ನೀರು ನಿಲ್ಲುವ, ಸುಮಾರು 152 ಟಿಎಂಸಿ ಹಿಡಿಯುವ ಈ ಜಲಾಶಯ ಸುಮಾರು 300 ಚದರ ಕಿಲೋಮೀಟರ್ ನೆಲವನ್ನು ಆವರಿಸಿತು. 1,035 ಮೆಗಾವಾಟ್ ಸಾಮರ್ಥ್ಯದ ಶರಾವತಿ ವಿದ್ಯುದಾಗಾರ ಬಹುಕಾಲ ಈ ರಾಜ್ಯದ ಬೆನ್ನೆಲುಬಾಗಿತ್ತು. ಇದನ್ನು ಮುಳುಗಡೆಯವರು ಅಲ್ಲಗಳೆದುದನ್ನು ನಾನು ಕೇಳಿಲ್ಲ. ನಾನು ಮಾತನಾಡಿಸಿದ ಹಿರಿಯರು ‘ನಾಡಿಗೆ ಬೆಳಕು ಕೊಟ್ಟೆವು’ ಎಂದೇ ಹೇಳುತ್ತಾರೆ, ಮತ್ತು ಆ ‘ಕೊಟ್ಟೆವು’ ಎಂಬ ಪದವನ್ನು ಒತ್ತಿ ಹೇಳುತ್ತಾರೆ.

‘ಪರಿಹಾರ ಪಡೆದು ಹೋದವರು’ ಎಂಬಲ್ಲಿ ಮಾತ್ರ ನೀವು ಸ್ವಲ್ಪ ನಿಲ್ಲಬೇಕೆಂದು ಕೇಳಿಕೊಳ್ಳುತ್ತೇನೆ. ಆ ಕಣಿವೆಯಲ್ಲಿ ಉಳುತ್ತಿದ್ದವರಲ್ಲಿ ಅನೇಕರು ಗೇಣಿದಾರರು. ಗೇಣಿಯ ಕೊಳಗದ ಅಳತೆಯ ವಿಷಯದಲ್ಲಿ ಎದ್ದ ಕಾಗೋಡು ಸತ್ಯಾಗ್ರಹ ನಡೆದದ್ದು ಇದೇ ಸಾಗರ ತಾಲ್ಲೂಕಿನಲ್ಲಿ, 1951ರಲ್ಲಿ. ನೆಲದ ಪರಿಹಾರವೆಂಬುದು ಕಾಗದದ ಮೇಲೆ ಹೆಸರಿದ್ದವರ ಕಡೆಗೆ ಹರಿಯುವ ಹಣ. ಉಳುವವನ ಹೆಸರು ಆ ಕಾಗದದಲ್ಲಿರಲಿಲ್ಲ. ಉಳುವವನೇ ಹೊಲದೊಡೆಯನೆಂದ ಭೂಸುಧಾರಣೆಯ ತಿದ್ದುಪಡಿ ಜಾರಿಗೆ ಬಂದದ್ದು 1974ರಲ್ಲಿ. ನೀರು ಹತ್ತು ವರ್ಷ ತಡವಾಗಿ ಬಂದಿದ್ದರೆ ಎಷ್ಟೋ ಕುಟುಂಬಗಳು ಒಡೆಯರಾಗಿ ಹೊರಡುತ್ತಿದ್ದವು. ಹೊರಟು ಎಲ್ಲಿಗೆ ಹೋದರು ಎಂಬುದನ್ನೂ ನೋಡಿ. ಶೆಟ್ಟಿಹಳ್ಳಿಯ ಕಾಡಿನೊಳಗೆ ನೆಲೆ ನಿಂತವರ ಸುತ್ತಲಿನ ಕಾಡು 1974ರಲ್ಲಿ ವನ್ಯಜೀವಿಧಾಮವಾಯಿತು. 1980ರಲ್ಲಿ ಅರಣ್ಯ ಸಂರಕ್ಷಣಾ ಕಾಯ್ದೆ ಬಂದು, ಅರಣ್ಯವೆಂದು ದಾಖಲಾದ ನೆಲವನ್ನು ಬೇರೆ ಉದ್ದೇಶಕ್ಕೆ ಕೊಡಲು ಕೇಂದ್ರದ ಒಪ್ಪಿಗೆ ಅಗತ್ಯವಾಯಿತು. ಸರ್ಕಾರವೇ ತಂದು ಬಿಟ್ಟ ಜಾಗದಲ್ಲಿ ಕುಳಿತವರು ಹಕ್ಕುಪತ್ರಕ್ಕಾಗಿ ಕಚೇರಿಯಿಂದ ಕಚೇರಿಗೆ ಅಲೆಯುವ ಸ್ಥಿತಿ ಅಲ್ಲಿಂದ ಇಲ್ಲಿಯವರೆಗೂ ಬಂದಿದೆ. ಅಜ್ಜನ ಮನೆ ಕಾಗದದಲ್ಲಿ ಅಜ್ಜನದಾಗಿರಲಿಲ್ಲ, ಮೊಮ್ಮಗನ ಮನೆ ಕಾಗದದಲ್ಲಿ ಮೊಮ್ಮಗನದಾಗಿಲ್ಲ. ಮೂರು ತಲೆಮಾರಿನ ಕಣ್ಣೀರೆಂದು ನೀವು ಬರೆದಿರಿ. ಅದರಲ್ಲಿ ಒಂದು ಪಾಲು ಹಳೆಯ ನೆನಪಿನದು, ಇನ್ನೊಂದು ಪಾಲು ಇವತ್ತಿನ ಪಹಣಿಯದು.

ಹೋಗದೆ ಉಳಿದವರ ಪಾಡೂ ಸುಲಭವಾಗಿರಲಿಲ್ಲ. ಕರೂರು, ಬಾರಂಗಿ ಹೋಬಳಿಗಳ ತುಮರಿಯ ಕಡೆಯವರಿಗೆ ತಾಲ್ಲೂಕು ಕೇಂದ್ರಕ್ಕೆ ಹತ್ತಿರದ ದಾರಿಯೆಂದರೆ ಹಿನ್ನೀರನ್ನು ಲಾಂಚ್‌ನಲ್ಲಿ ದಾಟುವುದೇ ಆಗಿತ್ತು, ಮತ್ತು ಸಂಜೆಯ ನಂತರ ಲಾಂಚ್ ಇರುತ್ತಿರಲಿಲ್ಲ. ರಾತ್ರಿ ಹೆರಿಗೆ ನೋವು ಬಂದರೆ ಆ ಮನೆಯವರು ಏನು ಮಾಡಬೇಕಿತ್ತೆಂದು ಊಹಿಸಿ. ಅಂಬಾರಗೋಡ್ಲು ಮತ್ತು ಕಳಸವಳ್ಳಿಯ ನಡುವಿನ ಸೇತುವೆ ಸಂಚಾರಕ್ಕೆ ತೆರೆದದ್ದು 2025ರ ಜುಲೈ ತಿಂಗಳಲ್ಲಿ, ಅಣೆಕಟ್ಟು ಕಟ್ಟಿದ 61 ವರ್ಷಗಳ ಮೇಲೆ. ನೀವು ವೃತ್ತಿಯಿಂದ ಎಂಜಿನಿಯರ್ ಆದ್ದರಿಂದ ಈ ಎರಡು ಇಸವಿಗಳ ನಡುವಿನ ಅಂತರ ನನಗಿಂತ ಚೆನ್ನಾಗಿ ನಿಮಗೆ ಅರ್ಥವಾಗುತ್ತದೆ.

ಪ್ರಶ್ನೆ: ನನಗೆ 27 ವರ್ಷ, ಸಾಫ್ಟ್‌ವೇರ್ ಕೆಲಸದಲ್ಲಿದ್ದೇನೆ. ಅಜ್ಜಿ ತಾನು ಹುಟ್ಟಿ ಬೆಳೆದ ಮುಳುಗಡೆಯ ಮನೆಯ ಬಗ್ಗೆ ಆಗಾಗ ಹೇಳುತ್ತಾರೆ. ಒಂದೇ ಒಂದು ಫೋಟೋ ಇಲ್ಲ. ಅವರಿರುವಾಗಲೇ ಆ ಮನೆಯ ನಕ್ಷೆಯನ್ನು ಬರೆದಿಡಬೇಕೆಂದು ಆಸೆ. ಆದರೆ ‘ನಡುಮನೆ ಎಷ್ಟು ಅಡಿ ಇತ್ತು?’ ಎಂದು ಕೇಳಿದರೆ ‘ದೊಡ್ಡದಿತ್ತು ಮಗಾ’ ಎನ್ನುತ್ತಾರೆ, ಅಲ್ಲಿಗೆ ಮಾತು ನಿಲ್ಲುತ್ತದೆ. ಹೇಗೆ ಮುಂದುವರಿಯಲಿ?

ಉತ್ತರ: ಬಂದ ಪತ್ರಗಳಲ್ಲಿ ನನಗೆ ಹೆಚ್ಚು ಸಂತೋಷ ಕೊಟ್ಟದ್ದು ನಿಮ್ಮದು. ಅಡಿ, ಮೀಟರುಗಳನ್ನು ಬಿಟ್ಟುಬಿಡಿ. ನಿಮ್ಮ ಅಜ್ಜಿ ಆ ಮನೆಯನ್ನು ಟೇಪು ಹಿಡಿದು ಅಳೆದವರಲ್ಲ, ಅದರಲ್ಲಿ ನಡೆದವರು, ಗುಡಿಸಿದವರು, ಸಾರಿಸಿದವರು. ಆದ್ದರಿಂದ ಕೆಲಸದ ಮೂಲಕ ಕೇಳಿ. ಬೆಳಿಗ್ಗೆ ಎದ್ದವರು ಮೊದಲು ಯಾವ ಬಾಗಿಲು ತೆರೆಯುತ್ತಿದ್ದರು? ಬಚ್ಚಲ ಹಂಡೆಗೆ ನೀರು ಎಲ್ಲಿಂದ ಬರುತ್ತಿತ್ತು, ಬಾವಿಯಿಂದಲೋ, ಗುಡ್ಡದಿಂದ ಅಡಿಕೆ ದಬ್ಬೆಯಲ್ಲಿ ಇಳಿದು ಬರುತ್ತಿದ್ದ ಅಬ್ಬಿ ನೀರೋ? ಕೊಡ ಹೊತ್ತು ಬರುವಾಗ ತಲೆ ಬಗ್ಗಿಸಬೇಕಾದ ಜಾಗ ಎಲ್ಲಿತ್ತು? ಮಳೆಗಾಲದಲ್ಲಿ ಎಲ್ಲಿ ಸೋರುತ್ತಿತ್ತು, ಕೆಳಗೆ ಏನನ್ನು ಇಡುತ್ತಿದ್ದರು? ಮಕ್ಕಳು ಅಡಗಿಕೊಳ್ಳುತ್ತಿದ್ದದ್ದು ಅಟ್ಟದಲ್ಲೋ ಕಣಜದ ಹಿಂದೆಯೋ? ಬಾಣಂತಿಯನ್ನು ಮಲಗಿಸುತ್ತಿದ್ದ ಕೋಣೆ ಯಾವುದು, ಅಲ್ಲಿಗೆ ಬಿಸಿಲು ಯಾವ ಹೊತ್ತಿನಲ್ಲಿ ಬರುತ್ತಿತ್ತು? ಬಿಸಿಲಿನ ಪ್ರಶ್ನೆಗೆ ಉತ್ತರ ಸಿಕ್ಕಿತೆಂದರೆ ದಿಕ್ಕು ಸಿಕ್ಕಿತು. ದಿಕ್ಕು ಸಿಕ್ಕಿದರೆ ಅರ್ಧ ನಕ್ಷೆ ಮುಗಿದಂತೆ. ಅಳತೆ ಬೇಕೇ ಬೇಕೆನಿಸಿದರೆ ಮನೆ ಎಷ್ಟು ಅಂಕಣದ್ದು ಎಂದು ಕೇಳಿ. ಎರಡು ಸಾಲು ಕಂಬಗಳ ನಡುವಣ ಜಾಗವೇ ಅಂಕಣ, ಮಲೆನಾಡಿನ ಹಿರಿಯರು ಮನೆಯನ್ನು ಎಣಿಸುತ್ತಿದ್ದದ್ದು ಹಾಗೆಯೇ. ಪಂಕ್ತಿಯಲ್ಲಿ ಎಷ್ಟು ಎಲೆ ಹಾಕುತ್ತಿದ್ದರು ಎಂಬುದರಿಂದ ಜಗುಲಿಯ ಉದ್ದ ತಾನಾಗಿಯೇ ಗೊತ್ತಾಗುತ್ತದೆ.

ಅಜ್ಜಿ ಮಾತನಾಡುವಾಗ ಫೋನಿನಲ್ಲಿ ದನಿಯನ್ನು ಹಿಡಿದಿಟ್ಟುಕೊಳ್ಳಿ, ಅವರ ಮಾತನ್ನು ಪುಸ್ತಕದ ಕನ್ನಡಕ್ಕೆ ತಿದ್ದಬೇಡಿ. ಗದ್ದೆಗಳ ಹೆಸರನ್ನು ಮರೆಯದೆ ಕೇಳಿ. ನಮ್ಮ ಕಡೆ ಒಂದೊಂದು ಗದ್ದೆಗೂ, ಹೊಳೆಯ ಒಂದೊಂದು ಗುಂಡಿಗೂ ಹೆಸರಿರುತ್ತಿತ್ತು. ಸರ್ವೆ ನಂಬರಿನಲ್ಲಿ ಅವು ಸಿಗುವುದಿಲ್ಲ, ಆಡುವ ನಾಲಿಗೆ ನಿಂತಾಗ ಅವೂ ನಿಲ್ಲುತ್ತವೆ. ಅಜ್ಜಿಯ ತಮ್ಮನೋ ತಂಗಿಯೋ ಇದ್ದರೆ ಅವರನ್ನು ಬೇರೆಯಾಗಿ ಕೂರಿಸಿ ಕೇಳಿ. ಒಬ್ಬರು ಕೊಟ್ಟಿಗೆ ಎಡಕ್ಕಿತ್ತೆಂದರೆ ಇನ್ನೊಬ್ಬರು ಬಲಕ್ಕೆನ್ನಬಹುದು. ಯಾರದು ಸರಿಯೆಂಬ ಪಂಚಾಯಿತಿಗೆ ಇಳಿಯದೆ ಎರಡು ನಕ್ಷೆಗಳನ್ನೂ ಇಟ್ಟುಕೊಳ್ಳಿ. ಅಂಗಳದಲ್ಲಿ ನಿಂತು ನೋಡಿದವರಿಗೂ ಜಗುಲಿಯಲ್ಲಿ ಕುಳಿತು ನೋಡಿದವರಿಗೂ ಎಡಬಲಗಳು ಅದಲುಬದಲಾಗಿರುತ್ತವೆ.

ಕಾಗದಗಳ ಕಡೆಗೂ ಹೋಗಬಹುದು. ಭೂದಾಖಲೆಗಳ ಇಲಾಖೆಯಲ್ಲಿ ಹಳೆಯ ಗ್ರಾಮ ನಕಾಶೆಗಾಗಿ ಕೇಳಿ. ಸರ್ವೆ ಆಫ್ ಇಂಡಿಯಾದವರು ಅಣೆಕಟ್ಟಿಗೆ ಮುಂಚೆ ಅಚ್ಚು ಹಾಕಿದ ಭೂಪಟಗಳಲ್ಲಿ ಹೊಳೆಯ ಹಳೆಯ ಪಾತ್ರ, ಊರುಗಳು, ಕಾಲುದಾರಿಗಳು ಇರುತ್ತವೆ. ಭೂಸ್ವಾಧೀನದ ಕಡತ ಸಿಕ್ಕಿದರೆ ಅದು ನಿಮ್ಮ ಭಾಗ್ಯ. ಮನೆ, ಬಾವಿ, ಮರಗಳನ್ನು ಎಣಿಸಿ ಬೆಲೆ ಕಟ್ಟುವುದು ಆ ಕೆಲಸದ ಕ್ರಮವಾದ್ದರಿಂದ, ಹಿತ್ತಿಲಿನಲ್ಲಿ ಎಷ್ಟು ಹಲಸು, ಎಷ್ಟು ಮಾವು ಇದ್ದವೆಂಬುದು ಗುಮಾಸ್ತರೊಬ್ಬರ ಅಕ್ಷರದಲ್ಲಿ ಉಳಿದಿರಬಹುದು. 2005ರ ಮಾಹಿತಿ ಹಕ್ಕು ಕಾಯ್ದೆಯಡಿ ಅರ್ಜಿ ಹಾಕಿ ಕೇಳುವುದಕ್ಕೆ ಅವಕಾಶವಿದೆ. ಊರಿನಲ್ಲಿ ಶಾಸನವೇನಾದರೂ ಇತ್ತೆಂದು ಅಜ್ಜಿ ಹೇಳಿದರೆ ಎಪಿಗ್ರಾಫಿಯಾ ಕರ್ನಾಟಿಕದ ಎಂಟನೆಯ ಸಂಪುಟವನ್ನು ತೆರೆಯಿರಿ. 1904ರಲ್ಲಿ ಪ್ರಕಟವಾದ ಅದರಲ್ಲಿ ಸೊರಬ, ಸಾಗರ, ನಗರ, ತೀರ್ಥಹಳ್ಳಿ ತಾಲ್ಲೂಕುಗಳ ಶಾಸನಗಳನ್ನು ಊರಿನ ಹೆಸರಿನೊಡನೆ ಕೊಟ್ಟಿದ್ದಾರೆ. ಮುಳುಗಿದ ಊರಿನ ಹೆಸರನ್ನು ಅಚ್ಚಿನಲ್ಲಿ ಕಂಡು ಮುಖ ಅರಳಿದ ಹಿರಿಯರೊಬ್ಬರನ್ನು ನಾನು ನೋಡಿದ್ದೇನೆ. ಅವರು ಆ ಸಾಲಿನ ಮೇಲೆ ಬೆರಳಿಟ್ಟು, ತೆಗೆಯುವುದನ್ನೇ ಮರೆತು ಕುಳಿತಿದ್ದರು.

ನೀರಿಳಿದಾಗ ಅಲ್ಲಿಗೇ ಹೋಗುವ ಯೋಚನೆಯಿದ್ದರೆ ಸ್ಥಳೀಯರನ್ನು ಜೊತೆಗೆ ಕರೆದುಕೊಳ್ಳದೆ ಹೋಗಬೇಡಿ. ಮೇಲೆ ಒಣಗಿ ಬಿರುಕು ಬಿಟ್ಟಂತೆ ಕಾಣುವ ಹೂಳು ಒಳಗೆ ಹಸಿಯಾಗಿದ್ದು ಕಾಲನ್ನು ಮೊಣಕಾಲಿನವರೆಗೆ ಎಳೆದುಕೊಳ್ಳುತ್ತದೆ.

ಪ್ರಶ್ನೆ: ನಾವು ಹಳೆಯ ಬಾಗಲಕೋಟೆಯವರು. ಆಲಮಟ್ಟಿ ಹಿನ್ನೀರಿನಿಂದಾಗಿ ನವನಗರಕ್ಕೆ ಬಂದೆವು. ಇಲ್ಲಿ ರಸ್ತೆ ಅಗಲ, ನೀರು, ಗಾಳಿ, ಎಲ್ಲ ಚೆನ್ನಾಗಿದೆ. ಆದರೆ ನಮ್ಮ ಓಣಿಯವರು ಒಬ್ಬರು ಒಂದು ಸೆಕ್ಟರಿಗೆ, ಇನ್ನೊಬ್ಬರು ಇನ್ನೊಂದು ಸೆಕ್ಟರಿಗೆ ಹಂಚಿಹೋದರು. ಮೊದಲು ಮನೆ ಎಲ್ಲಿ ಎಂದರೆ ಓಣಿಯ ಹೆಸರು, ಅಪ್ಪನ ಹೆಸರು ಹೇಳಿದರೆ ಸಾಕಿತ್ತು; ಈಗ ಸೆಕ್ಟರ್ ನಂಬರು, ಪ್ಲಾಟ್ ನಂಬರು ಹೇಳಬೇಕು. ಇಷ್ಟು ವರ್ಷವಾದರೂ ಈ ವಿಳಾಸ ನನ್ನದೆನಿಸುವುದಿಲ್ಲ. ನನ್ನಂತೆ ಬೇರೆಯವರಿಗೂ ಅನಿಸುತ್ತದೆಯೇ?

ಉತ್ತರ: ಅನಿಸುತ್ತದೆ. ಸ್ಥಳಾಂತರಗಳ ಅಧ್ಯಯನದಲ್ಲಿ ಹೆಸರಾದ ಸಮಾಜಶಾಸ್ತ್ರಜ್ಞ ಮೈಕೆಲ್ ಚೆರ್ನಿಯಾ, ಒಕ್ಕಲೆದ್ದವರು ಎದುರಿಸುವ ಎಂಟು ಅಪಾಯಗಳನ್ನು ಗುರುತಿಸಿದರು. ನೆಲ, ಕೆಲಸ, ಸೂರು ಹೋಗುವುದರ ಜೊತೆಗೆ, ನೆರೆಹೊರೆಯ ಹೆಣಿಗೆ ಬಿಚ್ಚಿಹೋಗುವುದನ್ನೂ ಅವರು ಒಂದು ಅಪಾಯವೆಂದೇ ಎಣಿಸಿದರು. ಸಾಲ ಕೊಡುವವರು, ಸುದ್ದಿ ತರುವವರು, ಮಗು ಹಿಡಿಯುವವರು, ಜಗಳವಾಡಿದರೂ ಮರುದಿನ ಬಾಗಿಲು ತಟ್ಟುವವರು, ಎಲ್ಲರೂ ಓಣಿಯಲ್ಲಿದ್ದರು. ಬಾಗಲಕೋಟೆಯಲ್ಲಿ ಇದರ ಒಂದು ಎಳೆ ಇನ್ನೂ ಗಟ್ಟಿಯಾಗಿದೆ ಎಂಬುದು ನನಗೆ ಸಮಾಧಾನದ ವಿಷಯ: ಹೋಳಿ ಬಂತೆಂದರೆ ಕಿಲ್ಲಾ, ಹಳಪೇಟೆ, ಹೊಸಪೇಟೆ, ಜೈನಪೇಟೆ, ವೆಂಕಟಪೇಟೆಗಳ ಹೆಸರಿನಲ್ಲೇ ಹಲಗೆ ವಾದ್ಯಗಳು ಕೇಳಿಸುತ್ತವೆ, ಬಣ್ಣದ ಬಂಡಿಗಳು ಹೊರಡುತ್ತವೆ. ಆ ದಿನಗಳಲ್ಲಿ ನಿಮ್ಮ ಮಕ್ಕಳನ್ನು, ಮೊಮ್ಮಕ್ಕಳನ್ನು ಹಳೆಯ ಓಣಿಗೆ ಕರೆದುಕೊಂಡು ಹೋಗಿ, ನಿಮ್ಮ ಮನೆ ಎಲ್ಲಿತ್ತೆಂದು ಕೈಮಾಡಿ ತೋರಿಸಿ.

ಇದರ ಜೊತೆಗೆ ನಿಮ್ಮ ಸೀಮೆಯವರಿಗೆ ಒಂದು ಕಳಕಳಿಯ ವಿನಂತಿಯಿದೆ. ಜಲಾಶಯದ ಮಟ್ಟ ಈಗಿರುವುದು 519.6 ಮೀಟರ್. ಕೃಷ್ಣಾ ನ್ಯಾಯಮಂಡಳಿ 2010ರಲ್ಲಿ 524.256 ಮೀಟರಿಗೆ ಅನುಮತಿ ಕೊಟ್ಟಿದೆ. ಅದು ಜಾರಿಯಾದ ದಿನ ಇನ್ನಷ್ಟು ಊರುಗಳು ಏಳಬೇಕಾಗುತ್ತದೆ. ಶರಾವತಿಯವರ ಬಳಿ ಕ್ಯಾಮೆರಾ ಇರಲಿಲ್ಲ, ನಿಮ್ಮ ಕೈಯಲ್ಲಿ ಫೋನಿದೆ. ಮಣ್ಣಿನ ಮಾಳಿಗೆ, ಬೆಳಕಿಂಡಿ, ಕಾಳು ತುಂಬುತ್ತಿದ್ದ ಹಗೇವು, ಪಡಸಾಲೆಯ ಕಂಬದ ಕೆತ್ತನೆ, ಅಗಸಿ, ಗರಡಿಮನೆ, ಎಲ್ಲವನ್ನೂ ಈಗಲೇ ಚಿತ್ರ ತೆಗೆದಿಟ್ಟುಕೊಳ್ಳಿ. ಅದರ ಮುಂದೆ ಅಜ್ಜ, ಅಜ್ಜಿಯರನ್ನು ನಿಲ್ಲಿಸಿ ತೆಗೆಯಿರಿ.

ಪ್ರಶ್ನೆ: ನಮ್ಮ ಮನೆ ಮುಳುಗಲಿಲ್ಲ. ಪಾಲಾದ ಮೇಲೆ ಅಣ್ಣತಮ್ಮಂದಿರೇ ಕೆಡವಿ, ಕಂಬ ಬಾಗಿಲುಗಳನ್ನು ಮಾರಿದರು. ಮುಳುಗಡೆಯವರ ಮುಂದೆ ನನ್ನ ದುಃಖ ಹೇಳಿಕೊಳ್ಳಲು ನಾಚಿಕೆಯಾಗುತ್ತದೆ.

ಉತ್ತರ: ನಾಚಿಕೆ ಬೇಡ. ಅವರ ದುಃಖದಲ್ಲಿ ಒಂದು ನೆಮ್ಮದಿಯಾದರೂ ಇದೆ: ಇಡೀ ಊರು ಜೊತೆಯಲ್ಲಿ ಅತ್ತಿತು. ನಿಮ್ಮದರಲ್ಲಿ ಅಳುವವರು ಒಬ್ಬರೇ, ಅದೂ ಕೆಡವಿದವರ ಎದುರಿನಲ್ಲಿ. ಅಣ್ಣತಮ್ಮಂದಿರ ಮೇಲಿನ ಸಿಟ್ಟನ್ನೂ ಮನೆಯ ಮೇಲಿನ ಹಂಬಲವನ್ನೂ ಬೇರೆ ಬೇರೆಯಾಗಿ ಇಟ್ಟುಕೊಳ್ಳಲು ಸಾಧ್ಯವೇ ನೋಡಿ. ಎರಡೂ ಬೆರೆತಿರುವವರೆಗೆ ಯಾವುದೂ ಕರಗುವುದಿಲ್ಲ.

ಪ್ರಶ್ನೆ: ನಮ್ಮ ಅತ್ತೆಗೆ 82 ವರ್ಷ. ಮರೆವಿನ ಕಾಯಿಲೆಯೆಂದು ವೈದ್ಯರು ಹೇಳಿದ್ದಾರೆ. ಹಗಲೆಲ್ಲ ಸುಮ್ಮನಿದ್ದವರು ಹೊತ್ತು ಮುಳುಗುವಾಗ ಎರಡು ಸೀರೆ, ಒಂದು ಲೋಟ, ದೇವರ ಪಟವನ್ನು ಗಂಟು ಕಟ್ಟಿಕೊಂಡು ಬಾಗಿಲಿಗೆ ಬಂದು ನಿಲ್ಲುತ್ತಾರೆ. ‘ದನ ಬರುವ ಹೊತ್ತಾಯಿತು, ಮನೆಗೆ ಕಳಿಸೇ’ ಎನ್ನುತ್ತಾರೆ. ಆ ಮನೆ 1964ರಲ್ಲೇ ಮುಳುಗಿದೆ. ‘ಅದು ಮುಳುಗಿಹೋಯಿತಲ್ಲ ಅತ್ತೆ’ ಎಂದು ಒಮ್ಮೆ ಹೇಳಿಬಿಟ್ಟೆ. ಆಗಷ್ಟೇ ಸುದ್ದಿ ಕೇಳಿದವರಂತೆ ಎದೆ ಬಡಿದುಕೊಂಡು ಅತ್ತರು. ಮರುದಿನ ಮತ್ತೆ ಗಂಟು. ನಿಜ ಹೇಳಬೇಕೇ, ಸುಳ್ಳು ಹೇಳಬೇಕೇ?

ಉತ್ತರ: ತಂಗಿ, ನೀವು ಹೇಳಿದ್ದು ನಿಜವೇ ಆದರೂ ಅವರ ಪಾಲಿಗೆ ಮನೆ ಅಂದೇ ಮುಳುಗಿತು. ನೆನಪಿನಲ್ಲಿ ನಿಲ್ಲದ ಸಾವಿನ ಸುದ್ದಿಯನ್ನು ದಿನವೂ ಹೇಳಿದರೆ ಅವರು ದಿನವೂ ಹೊಸದಾಗಿ ಅಳಬೇಕಾಗುತ್ತದೆ. ಆದ್ದರಿಂದ ಅದನ್ನು ಮತ್ತೆ ಹೇಳಬೇಡಿ. ಮರೆವಿನ ಕಾಯಿಲೆಯವರಲ್ಲಿ ಸಂಜೆಯ ಹೊತ್ತಿಗೆ ಕಳವಳ ಹೆಚ್ಚುವುದು ಎಲ್ಲೆಡೆ ಕಂಡುಬರುವ ಸಂಗತಿ. ಬೆಳಕು ಕಡಿಮೆಯಾಗುವುದು, ದಣಿವು, ಬಾಯಾರಿಕೆ, ಹೇಳಲಾಗದ ನೋವು, ಮೂತ್ರದ ತೊಂದರೆ, ಇವುಗಳಲ್ಲಿ ಯಾವುದಾದರೂ ಅದನ್ನು ಹೆಚ್ಚಿಸಬಹುದು. ಕತ್ತಲಾಗುವ ಅರ್ಧ ಗಂಟೆ ಮುಂಚೆಯೇ ದೀಪಗಳನ್ನು ಹಾಕಿ, ಕುಡಿಯಲು ಏನಾದರೂ ಕೊಡಿ, ಬಚ್ಚಲಿಗೆ ಕರೆದುಕೊಂಡು ಹೋಗಿ ಬನ್ನಿ. ಕಳವಳ ಒಮ್ಮೆಲೇ ಹೆಚ್ಚಿದರೆ ವೈದ್ಯರಿಗೆ ತೋರಿಸಿ. ಬೆಂಗಳೂರಿಗೆ ಹತ್ತಿರವಿದ್ದರೆ ನಿಮ್ಹಾನ್ಸ್‌ನಲ್ಲಿ ಇಂಥವರನ್ನು ನೋಡುವ ತಜ್ಞರಿದ್ದಾರೆ.

ಉಳಿದಂತೆ, ನಿಜವೋ ಸುಳ್ಳೋ ಎಂಬ ಕವಲಿಗೆ ನೀವು ಹೋಗಬೇಕಾಗಿಲ್ಲ. ಕೇಳುವುದು ಎಂಬ ಮೂರನೆಯ ದಾರಿಯಿದೆ. ‘ಎಷ್ಟು ದನ ಬರಬೇಕು ಅತ್ತೆ?’ ಎಂದು ಕೇಳಿ. ಅವರು ಹೆಸರು ಹಿಡಿದು ಎಣಿಸುತ್ತಾರೆ. ‘ಯಾವುದು ಹಾಲು ಕೊಡುವುದು, ಯಾವುದು ಹಾಯುವುದು?’ ಎಂದು ಮುಂದುವರಿಸಿ. ಬಾಗಿಲ ಬಳಿ ಒಂದು ಮಣೆಯನ್ನೋ ಕುರ್ಚಿಯನ್ನೋ ಹಾಕಿ ಅವರ ಪಕ್ಕದಲ್ಲಿ ಸ್ವಲ್ಪ ಹೊತ್ತು ಕುಳಿತುಕೊಳ್ಳಿ. ಮನೆಗೆ ಕಳಿಸೆಂದು ಕೇಳುವಾಗ ಅವರು ಗೋಡೆ, ಹಂಚುಗಳಿಗಿಂತ ಹೆಚ್ಚಾಗಿ, ತಾವು ಬೇಕಾಗಿದ್ದ ಜಾಗವನ್ನು ಕೇಳುತ್ತಿದ್ದಾರೆ. ದನ ಬರುವ ಹೊತ್ತಿಗೆ ಆ ಮನೆಯಲ್ಲಿ ಅವರಿಗೊಂದು ಕೆಲಸವಿತ್ತು. ಬತ್ತಿ ಹೊಸೆಯುವುದಕ್ಕೆ ಹತ್ತಿಯನ್ನೋ, ಬಿಡಿಸುವುದಕ್ಕೆ ಅವರೆಕಾಯಿಯನ್ನೋ ಆ ಹೊತ್ತಿಗೆ ಅವರ ಕೈಗೆ ಕೊಟ್ಟು ನೋಡಿ.

ಆ ಗಂಟನ್ನು ಮಾತ್ರ ಅವರಿಂದ ಕಸಿದು ಬೀರುವಿನಲ್ಲಿ ಇಡಬೇಡಿ. ರಾತ್ರಿ ಮಲಗುವಾಗ ಅವರ ಕೈಗೆ ಎಟುಕುವ ಕಡೆ, ತಲೆದಿಂಬಿನ ಪಕ್ಕದಲ್ಲೇ ಇರಲಿ.